ಸೈಕಲ್ ಚೈನು: ಎಣ್ಣೆ ಒಳಗೆ, ಬಟ್ಟೆ ಹೊರಗೆ

ಕಪ್ಪಗೆ ಮಿಂಚುತ್ತ, ಮುಟ್ಟಿದರೆ ಕೈಗೆ ಮಸಿ ಮೆತ್ತುವ ಚೈನನ್ನು ನೋಡಿ ‘ಎಣ್ಣೆ ಚೆನ್ನಾಗಿದೆ’ ಎಂದುಕೊಳ್ಳುವವರೇ ಹೆಚ್ಚು. ಬೇಗ ಹಾಳಾಗುವ ಚೈನೂ ಅದೇ. ಹೊರಮೈಯಲ್ಲಿ ನಿಂತ ಎಣ್ಣೆ ರಸ್ತೆಯ ಧೂಳನ್ನು ಹಿಡಿದಿಟ್ಟುಕೊಳ್ಳುತ್ತದೆ. ಎಣ್ಣೆ, ಕೆಮ್ಮಣ್ಣು, ಸವೆದ ಲೋಹದ ಪುಡಿ ಮೂರೂ ಕಲೆತು ಸಾಣೆ ಹಿಡಿಯುವ ಪೇಸ್ಟಿನಂತಾಗಿ, ಪೆಡಲ್ ತುಳಿದಷ್ಟೂ ಒಳಕ್ಕೆ ಇಳಿಯುತ್ತದೆ.

ಒಳಕ್ಕೆ ಅಂದರೆ ಎಲ್ಲಿಗೆ? ಚೈನನ್ನು ಹತ್ತಿರದಿಂದ ನೋಡಿ. ಒಂದು ಜೋಡಿ ಹೊರ ಪ್ಲೇಟು, ಒಂದು ಜೋಡಿ ಒಳ ಪ್ಲೇಟು, ಎರಡನ್ನೂ ಪೋಣಿಸಿದ ಪಿನ್ನು, ಪಿನ್ನಿನ ಸುತ್ತ, ಹಲ್ಲುಚಕ್ರದ ಹಲ್ಲುಗಳ ನಡುವೆ ಕೂರುವ ರೋಲರ್. ಒಂದು ಪಿನ್ನಿನ ನಡುವಿನಿಂದ ಪಕ್ಕದ ಪಿನ್ನಿನ ನಡುವಿಗೆ ಅರ್ಧ ಇಂಚು, ಅಂದರೆ 12.7 ಮಿ.ಮೀ. ಹಾಲಿನವರ ಹಳೇ ಸೈಕಲ್ಲಿಗೂ 12 ಗೇರಿನ ರೇಸಿಂಗ್ ಸೈಕಲ್ಲಿಗೂ ಇದೇ ಅಳತೆ, ಅಗಲ ಮಾತ್ರ ಬೇರೆ. ಚೈನು ಹಲ್ಲನ್ನು ಸುತ್ತುವಾಗ ಪ್ರತಿ ಕೊಂಡಿಯೂ ಮಡಿಚಿ ಬಿಚ್ಚಿಕೊಳ್ಳುತ್ತದೆ. ಆಗ ಉಜ್ಜಾಟ ನಡೆಯುವುದು ಪಿನ್ನಿಗೂ ಒಳ ಪ್ಲೇಟಿನ ತೂತಿಗೂ ನಡುವೆ. ಎಣ್ಣೆ ಬೇಕಿರುವುದು ಆ ಸಂದಿಯಲ್ಲಿ. ಉಳಿದ ಕಡೆ ತುಕ್ಕು ಹಿಡಿಯದಂತೆ ತೆಳ್ಳಗಿನ ಪಸೆ ಇದ್ದರೆ ಸಾಕು.

ವಾರಕ್ಕೊಮ್ಮೆ ಒರೆಸುವುದು

ತೊಳೆಯುವುದಕ್ಕಿಂತ ಚೈನಿನ ಆಯಸ್ಸನ್ನು ಹೆಚ್ಚು ಕಾಯುವುದು ಈ ಐದು ನಿಮಿಷದ ಕೆಲಸ. ಸುಮಾರು 100 ಕಿ.ಮೀ.ಗೆ ಒಮ್ಮೆ, ಇಲ್ಲವೇ ವಾರಕ್ಕೊಮ್ಮೆ ಮಾಡಿ.

ಸೈಕಲ್ಲನ್ನು ಡಬಲ್ ಸ್ಟ್ಯಾಂಡ್ ಹಾಕಿ ನಿಲ್ಲಿಸಿ, ಅಥವಾ ಗೋಡೆಗೆ ಒರಗಿಸಿ. ಹಳೇ ಬನಿಯನ್ ಬಟ್ಟೆಯನ್ನು ಅಂಗೈಯಗಲ ಮಡಿಸಿ, ಚೈನಿನ ಕೆಳಸಾಲನ್ನು ನಾಲ್ಕೂ ಕಡೆಯಿಂದ ಬಿಗಿಯಾಗಿ ಹಿಡಿಯಿರಿ. ಇನ್ನೊಂದು ಕೈಯಲ್ಲಿ ಪೆಡಲನ್ನು ಹಿಮ್ಮುಖವಾಗಿ ತಿರುಗಿಸಿ. ಮುಂದಿನ ಚೈನ್‌ವೀಲಿಗೆ, ಅಂದರೆ ಪೆಡಲಿನ ಜೊತೆ ತಿರುಗುವ ಹಲ್ಲುಚಕ್ರಕ್ಕೆ, 44 ಹಲ್ಲು, ಚೈನಿಗೆ 114 ಕೊಂಡಿ ಇದ್ದರೆ, ಚೈನು ಪೂರ್ತಿ ಒಂದು ಸುತ್ತು ಬರಲು ಪೆಡಲ್ ಎರಡೂವರೆ ಸುತ್ತಿಗಿಂತ ತುಸು ಹೆಚ್ಚು ತಿರುಗಬೇಕು. ಹಾಗಾಗಿ ಹತ್ತು ಸುತ್ತು ತಿರುಗಿಸಿದರೆ ಬಟ್ಟೆ ಇಡೀ ಚೈನನ್ನು ಮೂರು ನಾಲ್ಕು ಸಲ ಒರೆಸಿರುತ್ತದೆ. ಬಟ್ಟೆಯ ಮಗ್ಗುಲು ಬದಲಿಸಿ ಇನ್ನೊಮ್ಮೆ.

ಬೆರಳಿನ ಬಗ್ಗೆ ಒಂದು ಮಾತು. ಪೆಡಲ್ ಹಿಂದಕ್ಕೆ ತಿರುಗುವಾಗ ಕೆಳಸಾಲು ಮುಂದಕ್ಕೆ ಓಡಿ ಚೈನ್‌ವೀಲಿನ ಹಲ್ಲಿಗೆ ಕೆಳಗಿನಿಂದ ಸೇರುತ್ತದೆ. ಬಟ್ಟೆಯನ್ನೂ ಆ ಕಡೆಗೇ ಎಳೆಯುತ್ತದೆ. ಆದ್ದರಿಂದ ಕೈ ಹಿಂದಿನ ಚಕ್ರದ ಕಡೆಗಿರಲಿ, ಬಟ್ಟೆಯ ತುದಿ ನೇತಾಡದಿರಲಿ. ಹಿಂದಿನ ಚಕ್ರವನ್ನು ಎತ್ತಿ ಪೆಡಲನ್ನು ಮುಂದಕ್ಕೆ ರಭಸವಾಗಿ ತಿರುಗಿಸುತ್ತ ಒರೆಸುವುದು ಬೇಡವೇ ಬೇಡ. ಚಕ್ರದ ಓಟಕ್ಕೆ ಬೆರಳು ಸಿಕ್ಕರೆ ತಕ್ಷಣ ನಿಲ್ಲಿಸಲು ಆಗುವುದಿಲ್ಲ. ಮಕ್ಕಳು ನೋಡಲು ಕೂತಿದ್ದರೆ ಅವರನ್ನೂ ದೂರ ಕೂರಿಸಿ.

ಒರೆಸಿದ ಮೇಲೆ ಎರಡು ಬೆರಳ ನಡುವೆ ಚೈನನ್ನು ಉಜ್ಜಿ ನೋಡಿ. ಬರೀ ಮಸಿ ಅಂಟಿದರೆ ಪರವಾಗಿಲ್ಲ. ಮರಳು ಮರಳಾಗಿ ಕೈಗೆ ತಾಗಿದರೆ ತೊಳೆಯುವ ಹೊತ್ತು ಬಂದಿದೆ.

ಬಿಚ್ಚಿ ತೊಳೆಯುವುದು

ಒಣ ರಸ್ತೆಯಲ್ಲಿ ದಿನಾ ಓಡುವ ಸೈಕಲ್ಲಿಗೆ ಎರಡು ಮೂರು ತಿಂಗಳಿಗೊಮ್ಮೆ ಪೂರ್ತಿ ತೊಳೆತ ಸಾಕು. ಬೇಕಾಗುವುದು ಇಷ್ಟು: ಅಗಲ ಬಾಯಿಯ ಒಂದು ಲೀಟರ್ ಪ್ಲಾಸ್ಟಿಕ್ ಡಬ್ಬ, 300 ಮಿ.ಲೀ. ಸೀಮೆಎಣ್ಣೆ ಅಥವಾ ಡೀಸೆಲ್, ಹಳೇ ಟೂತ್‌ಬ್ರಷ್, ಪಾತ್ರೆ ತೊಳೆಯುವ ಲಿಕ್ವಿಡ್, ರಬ್ಬರ್ ಕೈಗವಸು, ನಾಲ್ಕಾರು ಚಿಂದಿ ಬಟ್ಟೆ. ಸೀಮೆಎಣ್ಣೆ ಸಿಗುವುದು ಈಗ ಕಷ್ಟ. ಪೇಂಟ್ ಅಂಗಡಿಯ ಟರ್ಪೆಂಟೈನ್ ಅದೇ ಕೆಲಸ ಮಾಡುತ್ತದೆ. ಡೀಸೆಲ್ ಅಗ್ಗ, ಆದರೆ ಎಣ್ಣೆಯ ಪಸೆ ಉಳಿಸುವುದರಿಂದ ಕೊನೆಗೆ ಸೋಪುನೀರು ತಪ್ಪಿಸುವಂತಿಲ್ಲ. ಪೆಟ್ರೋಲ್ ಬೇಡ. ಕೋಣೆಯ ಸಾಮಾನ್ಯ ಬಿಸಿಗೇ ಅದರಿಂದ ಏಳುವ ಆವಿ ಒಂದು ಕಿಡಿ ತಾಗಿದರೂ ಹೊತ್ತಿಕೊಳ್ಳುತ್ತದೆ, ಪಕ್ಕದ ಕೋಣೆಯ ದೇವರ ದೀಪವೂ ಅಪಾಯವೇ. ಯಾವುದನ್ನು ಬಳಸಿದರೂ ಮನೆಯ ಹೊರಗೆ, ಒಲೆಯಿಂದ ದೂರ.

ಹುಣಸೆಹಣ್ಣು, ನಿಂಬೆರಸ, ವಿನೆಗರ್ ತಾಮ್ರದ ಚೊಂಬಿಗೆ ಸರಿ, ಚೈನಿಗೆ ಸಲ್ಲದು. ಆಮ್ಲ ತಾಗಿದ ಗಟ್ಟಿ ಉಕ್ಕು ಒಳಗೊಳಗೇ ಪೆಡಸಾಗಿ ಬಿರುಕು ಬಿಡಬಹುದು. ಟಾಯ್ಲೆಟ್ ಕ್ಲೀನರ್ ಇನ್ನೂ ಕೆಟ್ಟದ್ದು. ಕಾಸ್ಟಿಕ್ ಸೋಡಾ ಅಲ್ಯೂಮಿನಿಯಂ ಭಾಗಗಳನ್ನು ತಿನ್ನುತ್ತದೆ.

ಚೈನು ಬಿಚ್ಚುವ ಬಗೆ ಸೈಕಲ್ಲಿನ ಮೇಲೆ ಹೋಗುತ್ತದೆ. ಗೇರಿಲ್ಲದ ಸೈಕಲ್ಲಿನ ಚೈನಿನಲ್ಲಿ ಒಂದೇ ಒಂದು ಕಡೆ ಮೀನಿನಾಕಾರದ ಸಣ್ಣ ಕ್ಲಿಪ್ ಇರುತ್ತದೆ, ಅದೇ ಚೈನ್ ಲಾಕ್. ಪೂರ್ತಿ ಕವರ್ ಇರುವ ಸೈಕಲ್ಲಾದರೆ ಕವರಿನ ಹಿಂಭಾಗದ ತುಂಡನ್ನು ಮೊದಲು ಕಳಚಿ, ಪೆಡಲ್ ತಿರುಗಿಸುತ್ತ ಲಾಕ್ ಅಲ್ಲಿಗೆ ಬರುವಂತೆ ಮಾಡಿ. ಚೂಪು ಮೂತಿಯ ಇಕ್ಕಳದ (ನೋಸ್ ಪ್ಲೈಯರ್) ಒಂದು ತುದಿಯನ್ನು ಕ್ಲಿಪ್ಪಿನ ಸೀಳಿದ ಬಾಲಕ್ಕೂ ಇನ್ನೊಂದನ್ನು ಹತ್ತಿರದ ಪಿನ್ನಿಗೂ ಕೊಟ್ಟು ಅಮುಕಿದರೆ ಕ್ಲಿಪ್ ಜಾರುತ್ತದೆ. ಜಾರುವುದಲ್ಲ, ಹಾರುತ್ತದೆ ಎನ್ನಬೇಕು. ಇನ್ನೊಂದು ಕೈಯನ್ನು ಅಡ್ಡ ಹಿಡಿಯಿರಿ. ಗೇರ್ ಸೈಕಲ್ಲಿನಲ್ಲಿ ಎರಡು ಅರ್ಧಗಳಾಗಿ ಜೋಡುವ ಕ್ವಿಕ್ ಲಿಂಕ್ ಇರಬಹುದು. ಅದಕ್ಕೆಂದೇ ಇರುವ ಇಕ್ಕಳದಿಂದ ಎರಡೂ ರೋಲರುಗಳನ್ನು ಒಂದರ ಕಡೆಗೊಂದು ಒತ್ತಿದರೆ ಬಿಚ್ಚುತ್ತದೆ. 11 ಮತ್ತು 12 ಗೇರಿನ (ಹಿಂದಿನ ಹಲ್ಲುಚಕ್ರಗಳ ಲೆಕ್ಕ) ಹಲವು ಕ್ವಿಕ್ ಲಿಂಕುಗಳನ್ನು ಒಮ್ಮೆ ಬಿಚ್ಚಿದರೆ ಮತ್ತೆ ಬಳಸಬಾರದೆಂದು ತಯಾರಕರೇ ಹೇಳುತ್ತಾರೆ. ಹೊಸದೊಂದು ಕೈಯಲ್ಲಿದ್ದರೆ ಮಾತ್ರ ಬಿಚ್ಚಿ. ಎರಡೂ ಇಲ್ಲದ ಚೈನನ್ನು ತೊಳೆಯಲೆಂದು ಪಿನ್ನು ಹೊಡೆದು ತೆಗೆಯುವುದು ಬೇಡ. ಒಮ್ಮೆ ಹೊರಬಂದ ಪಿನ್ನು ಮೊದಲಿನಷ್ಟು ಬಿಗಿ ಕೂರುವುದಿಲ್ಲ, ಏರಿನಲ್ಲಿ ಎದ್ದು ತುಳಿಯುವಾಗ ಅಲ್ಲಿಯೇ ಕಡಿಯುತ್ತದೆ. ಅಂಥ ಚೈನನ್ನು ಸೈಕಲ್ಲಿನ ಮೇಲೆಯೇ ಬ್ರಷ್ಷಿನಿಂದ ತೊಳೆಯಿರಿ.

ಬಿಚ್ಚಿದ ಚೈನನ್ನು ಡಬ್ಬಕ್ಕೆ ಹಾಕಿ, 100 ಮಿ.ಲೀ. ಸೀಮೆಎಣ್ಣೆ ಸುರಿದು, ಮುಚ್ಚಳ ಬಿಗಿದು ಎರಡು ನಿಮಿಷ ಕುಲುಕಿ. ಕಾಫಿ ಡಿಕಾಕ್ಷನ್ ಬಣ್ಣದ ನೀರು ಬರುತ್ತದೆ. ಹತ್ತು ನಿಮಿಷ ನೆನೆಯಲು ಬಿಟ್ಟು ಮತ್ತೆ ಕುಲುಕಿ, ಬಸಿಯಿರಿ. ಹೊಸ 100 ಮಿ.ಲೀ. ಹಾಕಿ ಎರಡನೇ ಸಲ, ಬೇಕಾದರೆ ಮೂರನೇ ಸಲ. ಚೈನನ್ನು ಕಿವಿಯ ಹತ್ತಿರ ಹಿಡಿದು ಅಡ್ಡಡ್ಡ ಬಳುಕಿಸಿದರೆ ಕರಕರ ಎನ್ನುವ ಸದ್ದು ನಿಂತಿರಬೇಕು. ಇನ್ನೂ ಕೇಳಿಸಿದರೆ ಪಿನ್ನಿನ ಬಳಿ ಮಣ್ಣು ಉಳಿದಿದೆ. ಹೊರಮೈ ಎಷ್ಟು ಹೊಳೆದರೂ ಆ ತೊಳೆತ ಮುಗಿದಿಲ್ಲ. ಆಮೇಲೆ ಬಿಸಿನೀರಿಗೆ ಎರಡು ಹನಿ ಪಾತ್ರೆ ಲಿಕ್ವಿಡ್ ಹಾಕಿ ಒಮ್ಮೆ ಕುಲುಕಿ, ಬರೀ ನೀರಲ್ಲಿ ಜಾಲಿಸಿ, ಬಟ್ಟೆಯಲ್ಲಿ ಒರೆಸಿ, ಬಿಸಿಲಿಗೆ ತೂಗುಹಾಕಿ. ಬೇಸಿಗೆಯಲ್ಲಿ ಒಂದು ಗಂಟೆ ಸಾಕು. ಮಲೆನಾಡಿನ ಜುಲೈನಲ್ಲಿ ಬಿಸಿಲನ್ನು ನಂಬಿ ಕೂರುವ ಹಾಗಿಲ್ಲ, ಫ್ಯಾನಿನ ಕೆಳಗೆ ರಾತ್ರಿಯಿಡೀ ಬಿಡಿ. ಎಣ್ಣೆ ಪೂರ್ತಿ ಹೋದ ಉಕ್ಕಿಗೆ ತುಕ್ಕು ಬಲು ಬೇಗ ಹತ್ತುವುದರಿಂದ ಒಣಗಿದ ಚೈನನ್ನು ಹಾಗೇ ಇಟ್ಟು ಮರೆಯಬೇಡಿ.

ಕೊಳಕು ಸೀಮೆಎಣ್ಣೆಯನ್ನು ಮೋರಿಗೆ ಚೆಲ್ಲಬಾರದು. ಬಾಟಲಿಯಲ್ಲಿ ಎರಡು ದಿನ ಅಲ್ಲಾಡಿಸದೆ ಇಟ್ಟರೆ ಗಸಿ ತಳಕ್ಕೆ ಕೂರುತ್ತದೆ. ಮೇಲಿನ ತಿಳಿಯನ್ನು ಬಸಿದಿಟ್ಟುಕೊಂಡರೆ ಮುಂದಿನ ಸಲದ ಮೊದಲ ತೊಳೆತಕ್ಕೆ ಆಗುತ್ತದೆ. ಗಸಿಯನ್ನು ಹಳೇ ಎಂಜಿನ್ ಆಯಿಲ್ ಸೇರಿಸಿಡುವ ಗ್ಯಾರೇಜಿಗೆ ಕೊಡಿ.

ಚೈನು ಬಿಚ್ಚಿರುವಾಗಲೇ ಹಲ್ಲುಗಳನ್ನೂ ಶುಚಿ ಮಾಡಿ. ಕೊಳಕು ಹಲ್ಲಿನ ಮೇಲೆ ತೊಳೆದ ಚೈನು ಹಾಕಿದರೆ ಮಾಡಿದ್ದೆಲ್ಲ ವ್ಯರ್ಥ. ಹಿಂದಿನ ಗೇರಿನ ಹಲ್ಲುಗಳ ನಡುವೆ ಬಟ್ಟೆಯ ಅಂಚನ್ನು ತೂರಿಸಿ ಅತ್ತಿತ್ತ ಎಳೆಯಿರಿ. ಚೈನನ್ನು ಒಂದು ಗೇರಿನಿಂದ ಇನ್ನೊಂದಕ್ಕೆ ಸರಿಸುವ ಡೆರೇಲರಿನ ಎರಡು ಪುಟ್ಟ ಚಕ್ರಗಳ ಅಂಚಿನಲ್ಲಿ ಕಟ್ಟಿದ ಕಪ್ಪು ಜಿಡ್ಡನ್ನು ಕಡ್ಡಿಯಿಂದ ಕೆರೆದು ತೆಗೆಯಿರಿ. ಹಿಂದಿನ ಚಕ್ರದ ಹಲ್ಲುಗಳಿರುವ ಫ್ರೀವೀಲಿನ ಮೇಲೆ ಸೀಮೆಎಣ್ಣೆ ಸುರಿಯಬೇಡಿ. ಅದು ಒಳಗಿನ ಗ್ರೀಸನ್ನು ಕರಗಿಸಿ ತೊಳೆದುಬಿಡುತ್ತದೆ, ಆಮೇಲೆ ಫ್ರೀವೀಲ್ ಒಣಗಿ ಗರಗರ ಎನ್ನತೊಡಗುತ್ತದೆ. ಕಾರು ತೊಳೆಯುವ ಪ್ರೆಷರ್ ಪಂಪನ್ನೂ ಇದೇ ಕಾರಣಕ್ಕೆ ದೂರ ಇಡಿ: ನೀರು ಬೇರಿಂಗಿನೊಳಕ್ಕೆ ನುಗ್ಗುತ್ತದೆ.

ಮತ್ತೆ ಜೋಡಿಸುವುದು

ಚೈನ್ ಲಾಕಿನ ಕ್ಲಿಪ್ಪಿಗೆ ಮುಂದು ಹಿಂದು ಇದೆ. ಮುಚ್ಚಿದ ದುಂಡು ತುದಿ ಚೈನು ಓಡುವ ದಿಕ್ಕಿಗೆ ಇರಬೇಕು, ಸೀಳಿದ ಬಾಲ ಹಿಂದೆ. ಚೈನಿನ ಮೇಲ್ಸಾಲಿನಲ್ಲಿ ನೋಡಿದರೆ ದುಂಡು ತುದಿ ಹ್ಯಾಂಡಲ್ ಕಡೆಗೆ. ತಿರುಗಾಮುರುಗಾ ಹಾಕಿದರೆ ಬಾಲಕ್ಕೆ ಏನಾದರೂ ತಗುಲಿ ಕ್ಲಿಪ್ ಕಳಚಿಕೊಳ್ಳುತ್ತದೆ. ಕ್ಲಿಪ್ ಚಕ್ರದ ಕಡೆಗಲ್ಲದೆ ಹೊರಮಗ್ಗುಲಿಗೆ ಇರಲಿ. ಕ್ವಿಕ್ ಲಿಂಕನ್ನು ಮೇಲ್ಸಾಲಿನಲ್ಲಿ ಜೋಡಿಸಿ, ಹಿಂದಿನ ಬ್ರೇಕ್ ಹಿಡಿದು ಪೆಡಲನ್ನು ಜೋರಾಗಿ ಕೆಳಕ್ಕೆ ಒತ್ತಿ. ‘ಟಕ್’ ಎಂದು ಕೂರುತ್ತದೆ. ಡೆರೇಲರಿನ ಪುಟ್ಟ ಚಕ್ರಗಳ ನಡುವೆ ಚೈನು ಪೋಣಿಸುವಾಗ ಅಲ್ಲಿರುವ ಸಣ್ಣ ತಗಡಿನ ಸರಿಯಾದ ಮಗ್ಗುಲಲ್ಲೇ ಹೋಗಿದೆಯೇ ನೋಡಿ. ತಪ್ಪಿದರೆ ಚೈನು ತಗಡನ್ನು ಕೆರೆಯುತ್ತ ಓಡುತ್ತದೆ. ಬಿಚ್ಚುವ ಮೊದಲು ಫೋನಿನಲ್ಲಿ ಒಂದು ಫೋಟೋ ತೆಗೆದಿಟ್ಟುಕೊಂಡರೆ ಈ ತಲೆನೋವಿಲ್ಲ.

ಎಣ್ಣೆ ಬಿಡುವ ಕ್ರಮ

ಇಡೀ ಚೈನಿಗೆ ಬೇಕಾದ ಎಣ್ಣೆ ಒಂದು ಟೀ ಚಮಚಕ್ಕಿಂತ ಹೆಚ್ಚಲ್ಲ, 3ರಿಂದ 5 ಮಿ.ಲೀ. ಚೈನ್ ಲಾಕ್ ಇರುವ ಕೊಂಡಿಯಿಂದ ಶುರುಮಾಡಿ, ಆಗ ಎಲ್ಲಿ ಮುಗಿಸಬೇಕೆಂದು ಗೊತ್ತಾಗುತ್ತದೆ. ಕೆಳಸಾಲಿನ ಮೇಲ್ಮುಖದಲ್ಲಿ ಒಂದೊಂದು ರೋಲರಿಗೆ ಒಂದೊಂದು ಹನಿ, ಒಳ ಪ್ಲೇಟು ಹೊರ ಪ್ಲೇಟು ಕೂಡುವ ಸಂದಿಗೆ ಇಳಿಯುವಂತೆ. ತಾಳ್ಮೆಯ ಕೆಲಸ, ನೂರಕ್ಕಿಂತ ಹೆಚ್ಚು ಹನಿ. ಪೆಡಲ್ ತಿರುಗಿಸುತ್ತ ಬಾಟಲಿಯಿಂದ ಧಾರೆ ಬಿಟ್ಟರೆ ಅರ್ಧ ಎಣ್ಣೆ ನೆಲಕ್ಕೆ, ಉಳಿದರ್ಧ ಪ್ಲೇಟಿನ ಮೇಲೆ.

ಹನಿ ಹಾಕಿದ ಮೇಲೆ ಪೆಡಲನ್ನು ಹಿಂದಕ್ಕೆ 20–30 ಸುತ್ತು ತಿರುಗಿಸಿ. ಕೊಂಡಿಗಳು ಮಡಿಚಿ ಬಿಚ್ಚುವಾಗ ಎಣ್ಣೆ ಒಳಕ್ಕೆ ಎಳೆದುಕೊಳ್ಳುತ್ತದೆ. ಕಾಲು ಗಂಟೆಯಾದರೂ ಬಿಡಿ, ರಾತ್ರಿ ಹಾಕಿ ಬೆಳಿಗ್ಗೆವರೆಗೆ ಬಿಟ್ಟರೆ ಇನ್ನೂ ಒಳ್ಳೆಯದು. ಬಳಿಕ ಒಣ ಬಟ್ಟೆಯಿಂದ ಒರೆಸಿ, ‘ಹಾಕಿದ್ದೆಲ್ಲ ಹೋಯಿತಲ್ಲ’ ಅನ್ನಿಸುವಷ್ಟು ಒರೆಸಿ. ಒಳಗೆ ಹೋದದ್ದು ಬಟ್ಟೆಗೆ ಸಿಗುವುದಿಲ್ಲ. ಈ ಕೊನೆಯ ಒರೆಸನ್ನು ಬಿಟ್ಟವರೇ ಪ್ಯಾಂಟಿನ ತುದಿಗೆ ಕಪ್ಪು ಮಾಡಿಕೊಳ್ಳುವವರು.

ಡಿಸ್ಕ್ ಬ್ರೇಕ್ ಇದ್ದರೆ ಸ್ಪ್ರೇ ಡಬ್ಬಿ ಬೇಡ. ತುಂತುರು ಡಿಸ್ಕಿನ ಮೇಲೆ ಕೂತರೆ ಪ್ಯಾಡು ಎಣ್ಣೆ ಕುಡಿದು ಬ್ರೇಕ್ ಹಿಡಿಯುವುದಿಲ್ಲ. ಹನಿ ಹಾಕುವಾಗಲೂ ಡಿಸ್ಕಿಗೆ ಪ್ಲಾಸ್ಟಿಕ್ ಚೀಲ ಕಟ್ಟಿ. ಡಿಸ್ಕ್ ಇಲ್ಲದವರು ರಿಮ್ಮಿಗೆ ಎಣ್ಣೆ ತಾಗದಂತೆ ನೋಡಿಕೊಳ್ಳಿ.

ಯಾವ ಎಣ್ಣೆ

ಸೈಕಲ್ ಅಂಗಡಿಯ ಚೈನ್ ಲ್ಯೂಬುಗಳಲ್ಲಿ ಎರಡು ಜಾತಿ. ಡ್ರೈ ಎನ್ನುವುದು ಒಣಗಿ ತೆಳ್ಳಗೆ ಉಳಿಯುತ್ತದೆ, ಧೂಳು ಕಡಿಮೆ ಹಿಡಿಯುತ್ತದೆ, ಒಂದೇ ಮಳೆಗೆ ತೊಳೆದುಹೋಗುತ್ತದೆ. ವೆಟ್ ಎನ್ನುವುದು ಜಿಗುಟು, ನೀರಿಗೆ ಜಗ್ಗುವುದಿಲ್ಲ, ಧೂಳಿಗೆ ಅಂಟು. ಬಯಲುಸೀಮೆಯ ಕೆಮ್ಮಣ್ಣು ಧೂಳಿನಲ್ಲಿ ನವೆಂಬರಿನಿಂದ ಮೇ ತನಕ ಡ್ರೈ, ಕರಾವಳಿ ಮಲೆನಾಡಿನ ಮಳೆಗಾಲಕ್ಕೆ ವೆಟ್. ಡ್ರೈ ಹಾಕಿದವರು 150–200 ಕಿ.ಮೀ.ಗೆ ಮತ್ತೆ ಹಾಕಬೇಕಾಗುತ್ತದೆ.

ದಿನಸಿ ತರಲು ಓಡಾಡುವ ಗೇರಿಲ್ಲದ ಸೈಕಲ್ಲಿಗೆ ಹೊಲಿಗೆ ಮಷಿನ್ ಎಣ್ಣೆಯೇ ಸಾಕು. ತೆಳ್ಳಗಿರುವುದರಿಂದ ಚೆನ್ನಾಗಿ ಒಳಗಿಳಿಯುತ್ತದೆ, ಅಷ್ಟೇ ಬೇಗ ಹೋಗುತ್ತದೆ. ಪದೇ ಪದೇ ಹಾಕುವ ಮನಸ್ಸಿರಬೇಕು. ಹೊಸ ಎಂಜಿನ್ ಆಯಿಲ್ ನಡೆದೀತು, ಒರೆಸುವುದು ಎರಡರಷ್ಟಾಗಲಿ. ಬೈಕಿನಿಂದ ಇಳಿಸಿದ ಹಳೇ ಎಂಜಿನ್ ಆಯಿಲ್ ಪುಕ್ಕಟೆ ಸಿಗುತ್ತದೆಂದು ಹಾಕಬೇಡಿ, ಅದರಲ್ಲಿ ಲೋಹದ ಪುಡಿ, ಮಸಿ ಇರುತ್ತದೆ. ಕೊಬ್ಬರಿ ಎಣ್ಣೆ ಸುಮಾರು 24 ಡಿಗ್ರಿಗಿಂತ ತಣ್ಣಗಾದರೆ ಹೆಪ್ಪುಗಟ್ಟುತ್ತದೆ. ಕಡಲೆಕಾಯಿ, ಸೂರ್ಯಕಾಂತಿ ಎಣ್ಣೆಗಳು ಗಾಳಿಗೆ ಅಂಟಾಗುತ್ತವೆ. ಗ್ರೀಸ್ ಗಟ್ಟಿ, ಹೊರಗೆ ಮೆತ್ತಿದರೆ ಪಿನ್ನಿನವರೆಗೆ ಹೋಗುವುದೇ ಇಲ್ಲ. ಡಬ್ಲ್ಯುಡಿ-40 ಹೆಸರಿನ ನೀಲಿ ಡಬ್ಬಿಯ ಮಾಮೂಲಿ ಸ್ಪ್ರೇ ನೀರನ್ನು ಹೊರದೂಡಲು, ತುಕ್ಕು ಸಡಿಲಿಸಲು ಒಳ್ಳೆಯದು. ಅದನ್ನು ಹೊಡೆದು ಎಣ್ಣೆ ಹಾಕಿದೆ ಎಂದುಕೊಂಡರೆ ನಾಲ್ಕು ದಿನಕ್ಕೆ ಮತ್ತೆ ಕಿರ್ ಎನ್ನುತ್ತದೆ.

ಮೇಣದಲ್ಲಿ ಅದ್ದುವ ಪದ್ಧತಿಯೂ ಇದೆ, ಧೂಳಿನ ಊರಿಗೆ ಬಹಳ ಒಪ್ಪುತ್ತದೆ. ಜಿಡ್ಡಿನ ಲವಲೇಶವಿಲ್ಲದೆ ತೊಳೆದ ಚೈನು, ಸುವಾಸನೆ ಬೆರೆಸದ ಪ್ಯಾರಾಫಿನ್ ಮೇಣ, ಕುದಿಯುವ ನೀರಿನ ಪಾತ್ರೆಯೊಳಗೆ ಇನ್ನೊಂದು ಪಾತ್ರೆ. ಮೇಣವನ್ನು ನೇರ ಉರಿಗೆ ಇಡಬೇಡಿ, ಹೊತ್ತಿಕೊಳ್ಳುತ್ತದೆ. ಚೈನು ಮುಳುಗಿಸಿದಾಗ ಗುಳ್ಳೆ ಏಳುತ್ತವೆ, ಪಿನ್ನಿನ ಸಂದಿಯ ಗಾಳಿ ಅದು. ಗುಳ್ಳೆ ನಿಂತ ಮೇಲೆ ಒಲೆ ಆರಿಸಿ, ಮೇಣದ ಮೇಲೆ ಕೆನೆ ಕಟ್ಟುವ ಹೊತ್ತಿಗೆ ತಂತಿಯಿಂದ ಎತ್ತಿ ತೂಗುಹಾಕಿ. ಆರಿದ ಚೈನು ಕೋಲಿನಂತೆ ಸೆಟೆದಿರುತ್ತದೆ, ಕೊಂಡಿ ಕೊಂಡಿಯಾಗಿ ಕೈಯಲ್ಲಿ ಬಳುಕಿಸಿ ಹಾಕಿ. ಮಳೆಗಾಲಕ್ಕೆ ಇದು ಬೇಡ.

ನೀರು ಕಂಡ ದಿನ

ಮಳೆಯಲ್ಲಿ ನೆನೆದು ಬಂದ ಸೈಕಲ್ಲಿಗೆ ಅದೇ ಸಂಜೆ ಚೈನು ಒರೆಸಿ, ಒಣಗಿದ ಮೇಲೆ ಹನಿ ಹಾಕಿ. ಮಂಗಳೂರು, ಕಾರವಾರದ ಉಪ್ಪುಗಾಳಿಯಲ್ಲಿ ನಿಲ್ಲಿಸಿದ ಸೈಕಲ್ಲಿನ ಚೈನೂ ಕೆಂಪಗಾಗುತ್ತದೆ; ಓಡಿಸದಿದ್ದರೂ ವಾರಕ್ಕೊಮ್ಮೆ ಎಣ್ಣೆ ಬಟ್ಟೆ ಸವರಿ. ಆಯುಧಪೂಜೆಯ ಹಿಂದಿನ ದಿನ ಬಕೆಟ್‌ಗಟ್ಟಲೆ ಶಾಂಪೂ ನೀರು ಹೊಯ್ದು, ಹೂವು ಕುಂಕುಮ ಏರಿಸಿ, ಒದ್ದೆ ಚೈನಿನಲ್ಲೇ ಎರಡು ದಿನ ನಿಲ್ಲಿಸಿದ ಸೈಕಲ್ಲುಗಳು ಹಬ್ಬ ಕಳೆದ ಮೇಲೆ ರಿಪೇರಿಗೆ ಬರುವುದು ಮಾಮೂಲು.

ಮೇಲ್ಮೈಯ ತುಕ್ಕು ಎಣ್ಣೆ ಬಟ್ಟೆಗೆ ಹೋಗುತ್ತದೆ. ಒಳಗೆ ಹಿಡಿದ ತುಕ್ಕಿಗೆ ಕೊಂಡಿ ಸೆಟೆಯುತ್ತದೆ. ಪೆಡಲನ್ನು ನಿಧಾನ ಹಿಂದಕ್ಕೆ ತಿರುಗಿಸಿ ನೋಡಿ, ಸೆಟೆದ ಕೊಂಡಿ ಹಿಂದಿನ ಹಲ್ಲು ದಾಟುವಾಗ ಮೂಲೆಯಂತೆ ಎದ್ದು ಕಾಣುತ್ತದೆ. ಅದಕ್ಕೆ ಎಣ್ಣೆ ಬಿಟ್ಟು, ಎರಡೂ ಪಕ್ಕ ಹೆಬ್ಬೆರಳು ಕೊಟ್ಟು ಅಡ್ಡಡ್ಡಕ್ಕೆ ಮೆಲ್ಲಗೆ ಬಗ್ಗಿಸಿ ಬಿಡಿ. ಎರಡು ಮೂರು ಸಲಕ್ಕೆ ಸಡಿಲವಾಗುತ್ತದೆ. ಹತ್ತಾರು ಕೊಂಡಿ ಹಾಗಾಗಿದ್ದರೆ ಹೊಸ ಚೈನೇ ಸರಿ.

ಸದ್ದಿನ ಮೂಲ ಹುಡುಕಲು ಸುತ್ತು ಎಣಿಸಿ. ಪೆಡಲಿನ ಪ್ರತಿ ಸುತ್ತಿಗೆ ಒಮ್ಮೆ ಟಕ್ ಎಂದರೆ ತೊಂದರೆ ಪೆಡಲು, ಕ್ರ್ಯಾಂಕು (ಪೆಡಲ್ ಕೂರುವ ತೋಳು) ಅಥವಾ ಬಾಗಿದ ಚೈನ್‌ವೀಲ್ ಹಲ್ಲಿನದು. ಎರಡೂವರೆ ಸುತ್ತಿಗೊಮ್ಮೆ ಎಂದರೆ ಚೈನಿನ ಯಾವುದೋ ಒಂದು ಕೊಂಡಿ.

ಬಿಗಿ, ಸವೆತ, ಬದಲಾವಣೆ

ಗೇರಿಲ್ಲದ ಸೈಕಲ್ಲಿನ ಚೈನು ನಡುವೆ ಬೆರಳಿಟ್ಟು ಒತ್ತಿದಾಗ ಮೇಲೆ ಕೆಳಗೆ ಸೇರಿ ಸುಮಾರು ಅರ್ಧ ಇಂಚು ಆಡಬೇಕು. ಚೈನ್‌ವೀಲ್ ಪೂರ್ತಿ ದುಂಡಗಿರುವುದು ಅಪರೂಪ, ಹಾಗಾಗಿ ಪೆಡಲ್ ತಿರುಗಿಸುತ್ತ ಚೈನು ಅತಿ ಬಿಗಿಯಾಗುವ ಜಾಗದಲ್ಲಿ ಅಳೆಯಿರಿ. ಸಡಿಲಿದ್ದರೆ ಚೈನು ಬೀಳುತ್ತದೆ, ತೀರಾ ಬಿಗಿದರೆ ಬೇರಿಂಗ್ ತಿನ್ನುತ್ತದೆ. ಹಿಂದಿನ ಎರಡೂ ನಟ್ ಸಡಿಲಿಸಿ, ಚಕ್ರವನ್ನು ಹಿಂದಕ್ಕೆ ಎಳೆದು, ರಿಮ್ ಎರಡೂ ಮಗ್ಗುಲಿಗೆ ಸಮ ದೂರದಲ್ಲಿದೆಯೇ ನೋಡಿ ಬಿಗಿಯಿರಿ. ಚಕ್ರ ಸರಿದ ಮೇಲೆ ಬ್ರೇಕ್ ಕಟ್ಟೆಯ ಜಾಗವನ್ನೂ ಸರಿಮಾಡಿ.

ಚಕ್ರ ಎಳೆಯಲು ಜಾಗವಿಲ್ಲದಾಗ ಎರಡು ಕೊಂಡಿ ಕತ್ತರಿಸಿ ಕೊಡುವುದು ಅಂಗಡಿಗಳ ಹಳೇ ರೂಢಿ. ಸಡಿಲು ಹೋಗುತ್ತದೆ, ರೋಗ ಹೋಗುವುದಿಲ್ಲ. ಪ್ರತಿ ಪಿನ್ನೂ ಸವೆದು ಕೊಂಡಿಗಳ ನಡುವಿನ ಅಂತರವೇ ಹೆಚ್ಚಾಗಿರುತ್ತದೆ, ಆ ಚೈನು ಹಲ್ಲಿನ ತುದಿಗೆ ಕೂತು ಹಲ್ಲನ್ನೂ ತಿನ್ನುತ್ತದೆ. ಅಳೆಯಲು ಇಂಚಿನ ಉಕ್ಕಿನ ಸ್ಕೇಲ್ ಸಾಕು. ಚೈನು ಬಿಗಿಯಾಗಿರುವಾಗ ಒಂದು ಪಿನ್ನಿನ ನಡುವಿಗೆ ಸೊನ್ನೆ ಇಟ್ಟು 24 ಕೊಂಡಿ ಎಣಿಸಿ. ಹೊಸ ಚೈನಿನಲ್ಲಿ 24ನೆಯ ಪಿನ್ನು ಸರಿಯಾಗಿ 12 ಇಂಚಿಗೆ ಬರುತ್ತದೆ. 1/16 ಇಂಚು ಹೆಚ್ಚಾಗಿದ್ದರೆ ಸವೆತ ಸುಮಾರು 0.5%, ಅಂದರೆ ಕೊಂಡಿಗೆ ತಲೆಗೂದಲಿನಷ್ಟು, 0.06 ಮಿ.ಮೀ. 11, 12 ಗೇರಿನವರು ಇಲ್ಲಿಗೇ ಬದಲಿಸಬೇಕು. 8–10 ಗೇರಿನವರಿಗೆ 0.75% ತನಕ ಅವಕಾಶವಿದೆ. 1/8 ಇಂಚು ಹೆಚ್ಚಾಗಿದ್ದರೆ ಸವೆತ 1%, ಗೇರಿಲ್ಲದ ಸೈಕಲ್ಲಿನ ಚೈನಿಗೂ ಅದು ಕೊನೆ. ಹೊಸ ಚೈನು ಹಾಕಿದ ಮೇಲೆ ಒತ್ತಿ ತುಳಿದಾಗ ಹಾರುತ್ತಿದ್ದರೆ ಹಲ್ಲೂ ಸವೆದಿದೆ, ಫ್ರೀವೀಲನ್ನೂ ಬದಲಿಸಿ.

ಅಂಗಡಿಯಲ್ಲಿ ಗೇರಿಲ್ಲದ ಸೈಕಲ್ಲಿಗೆ 1/2 × 1/8 (ಇಂಚಿನಲ್ಲಿ ಪಿನ್ನುಗಳ ಅಂತರ × ಒಳ ಅಗಲ) ಚೈನು ಕೇಳಿ, ಹಿಂದೆ 6ರಿಂದ 8 ಹಲ್ಲುಚಕ್ರ ಇರುವುದಕ್ಕೆ 1/2 × 3/32. ‘21 ಗೇರಿನ ಸೈಕಲ್’ ಎಂದರೆ ಮುಂದೆ 3, ಹಿಂದೆ 7; ಚೈನಿಗೆ ಲೆಕ್ಕ ಹಿಂದಿನದು. ಉದ್ದವನ್ನು ಹಳೇ ಚೈನಿನ ಪಕ್ಕ ತೂಗುಹಾಕಿ ಹೋಲಿಸಬೇಡಿ. 112 ಕೊಂಡಿಯ, 56 ಇಂಚಿನ ಚೈನು 1% ಸವೆದಿದ್ದರೆ ಅರ್ಧ ಇಂಚಿಗಿಂತ ಹೆಚ್ಚು ಉದ್ದವಾಗಿರುತ್ತದೆ, ಲೆಕ್ಕ ತಪ್ಪುತ್ತದೆ. ಕೊಂಡಿ ಎಣಿಸಿಯೇ ಕತ್ತರಿಸಿ. ಹೊಸ ಚೈನಿಗೆ ಕಾರ್ಖಾನೆಯಲ್ಲೇ ಒಳಗೆ ಒಳ್ಳೆಯ ಗ್ರೀಸ್ ತುಂಬಿರುತ್ತಾರೆ. ಅದನ್ನು ತೊಳೆದು ಕಳೆಯಬೇಡಿ. ಸೀಮೆಎಣ್ಣೆಯಲ್ಲಿ ತುಸು ಅದ್ದಿ ಹಿಂಡಿದ ಬಟ್ಟೆಯಿಂದ ಹೊರಮೈಯ ಅಂಟನ್ನಷ್ಟೇ ಒರೆಸಿ ಹಾಕಿಕೊಂಡು, ಕಿರ್ ಸದ್ದು ಶುರುವಾದಾಗ ಮೊದಲ ಹನಿ ಬಿಡಿ.